ಗಾಂಜಾ ಔಷಧಿಯ ಮಾತು ಮತ್ತು ಬಂಗಾರಪೇಟೆಯ ರೋಗಿ

ಗಾಂಜಾ ಸಾಗಾಟ, ಗಾಂಜಾ ಸೇವನೆ, ಆರೋಪಿಗಳ ಬಂಧನ. ಇಂಥದ್ದೊಂದು ಸುದ್ದಿಯಿಲ್ಲದೆ ಮಂಗಳೂರು, ಉಡುಪಿಯ ದಿನಪತ್ರಿಕೆಗಳು ವಾರ ದಾಟುವುದು ಅಪರೂಪ. ಅದೇ ಹೊತ್ತಿಗೆ ಅಮೆರಿಕದಲ್ಲೋ ಕೆನಡಾದಲ್ಲೋ ನೆಲೆಸಿರುವ ಮಕ್ಕಳ ಮನೆಗೆ ಹೋಗಿ ಬಂದ ಹಿರಿಯರು ಬೇರೊಂದು ಸುದ್ದಿ ತರುತ್ತಾರೆ. "ಅಲ್ಲಿ ಗಾಂಜಾವನ್ನು ಔಷಧಿ ಎಂದು ಅಂಗಡಿಯಲ್ಲೇ ಮಾರುತ್ತಾರೆ. ಕ್ಯಾನ್ಸರ್ ನೋವಿಗೆ ರಾಮಬಾಣವಂತೆ. ನಮ್ಮಲ್ಲಿ ಮಾತ್ರ ಹಿಡಿದು ಜೈಲಿಗೆ ಹಾಕುತ್ತಾರೆ!" ಹೀಗೆ ಮಾತು ಮುಗಿಯುತ್ತದೆ. ಇದರಲ್ಲಿ ಸತ್ಯವೆಷ್ಟು, ಅರ್ಧ ಸತ್ಯವೆಷ್ಟು? ಈ ಪ್ರಶ್ನೆಯನ್ನು ಅಮೆರಿಕದಲ್ಲಿ ನಿಂತು ಕೇಳುವುದಕ್ಕಿಂತ ನಮ್ಮ ರಾಜ್ಯದ ಪೂರ್ವದ ಅಂಚಿನಲ್ಲಿ, ಬಂಗಾರಪೇಟೆಯ ರೈಲು ನಿಲ್ದಾಣದಲ್ಲಿ ನಿಂತು ಕೇಳಿದರೆ ಉತ್ತರ ಹೆಚ್ಚು ಸ್ಪಷ್ಟವಾಗುತ್ತದೆ.

ಬಂಗಾರಪೇಟೆಯೇ ಏಕೆ? ಕರಾವಳಿಯ ನಮ್ಮಲ್ಲಿ ಅನೇಕರಿಗೆ ಕೆಜಿಎಫ್ ಎಂದರೆ 2018ರಲ್ಲಿ ತೆರೆಕಂಡ ಸಿನಿಮಾ. ನಿಜವಾದ ಕೆಜಿಎಫ್ ಬೇರೆಯೇ ಇದೆ. 1880ರಲ್ಲಿ ಜಾನ್ ಟೇಲರ್ ಕಂಪನಿ ಕಾಲಿಟ್ಟಂದಿನಿಂದ 2001ರ ಫೆಬ್ರವರಿ 28ರಂದು ಭಾರತ್ ಗೋಲ್ಡ್ ಮೈನ್ಸ್ ಬಾಗಿಲು ಹಾಕುವವರೆಗೆ, ನೂರಿಪ್ಪತ್ತು ವರ್ಷ ಈ ನೆಲದ ಮನುಷ್ಯರು ಭೂಮಿಯೊಳಗೆ ಮೂರು ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿದು ಚಿನ್ನ ತೆಗೆದರು. ಗಣಿ ಮುಚ್ಚಿದ ಮೇಲೆ ಅವರ ಮಕ್ಕಳು ಮಾರಿಕುಪ್ಪಂನಲ್ಲಿ ರೈಲು ಹತ್ತಿ, ಬಂಗಾರಪೇಟೆಯ ಮೂಲಕ ಬೆಂಗಳೂರಿಗೆ ಹೋಗಿ ದುಡಿದು, ರಾತ್ರಿ ಮನೆಗೆ ಮರಳುತ್ತಾರೆ. ಚಿನ್ನ ಹೋಯಿತು, ಕಂಪನಿ ಹೋಯಿತು. ಶ್ವಾಸಕೋಶದಲ್ಲಿ ಕುಳಿತ ಕಲ್ಲಿನ ಧೂಳು ಮಾತ್ರ ಹೋಗಲಿಲ್ಲ.

ಒಂದು ಕುಟುಂಬವನ್ನು ಊಹಿಸಿಕೊಳ್ಳಿ. ತಂದೆ ಗಣಿಯ ನಿವೃತ್ತ ಕಾರ್ಮಿಕ, ವಯಸ್ಸು ಎಪ್ಪತ್ತು ದಾಟಿದೆ. ಮೊದಲೇ ಸಿಲಿಕೋಸಿಸ್, ಈಗ ಗಂಟಲಿನ ಕ್ಯಾನ್ಸರ್. ಬೆಂಗಳೂರಿನ ಆಸ್ಪತ್ರೆಯವರು "ಇನ್ನು ಮನೆಯಲ್ಲೇ ನೋಡಿಕೊಳ್ಳಿ" ಎಂದು ಕಳುಹಿಸಿದ್ದಾರೆ. ರಾತ್ರಿಯಿಡೀ ನರಳಾಟ. ಮಗನಿಗೆ ರೈಲಿನಲ್ಲಿ ಯಾರೋ ಮೊಬೈಲಿನ ವಿಡಿಯೋ ತೋರಿಸುತ್ತಾರೆ: ಗಾಂಜಾ ಎಣ್ಣೆಯಿಂದ ನೋವು ಮಾಯ. ಆಂಧ್ರ-ಒಡಿಶಾ ಗಡಿಯ ಬೆಟ್ಟಗಳಿಂದ ದಕ್ಷಿಣದ ನಗರಗಳಿಗೆ ಗಾಂಜಾ ಬರುವುದು ಹೊಸ ಸಂಗತಿಯಲ್ಲ. ಕೊಡುವವನೂ ಸಿಗುತ್ತಾನೆ. ಮಗ ಏನು ಮಾಡಬೇಕು? ಈ ಲೇಖನ ಆ ಮಗನಿಗಾಗಿ.

ಅಮೆರಿಕದ ಕಾರ್ಡು

ಮೊದಲು ಅಮೆರಿಕದ ವಿಚಾರ ತಿಳಿದುಕೊಳ್ಳೋಣ. 1996ರಲ್ಲಿ ಕ್ಯಾಲಿಫೋರ್ನಿಯಾದ ಮತದಾರರು ವೈದ್ಯಕೀಯ ಬಳಕೆಗೆ ಒಪ್ಪಿಗೆ ಕೊಟ್ಟರು. ಆಮೇಲೆ ಬಹುಪಾಲು ರಾಜ್ಯಗಳು ಅದೇ ದಾರಿ ಹಿಡಿದವು. ಸಾಮಾನ್ಯ ಪದ್ಧತಿ ಹೀಗೆ: ರಾಜ್ಯ ಸರಕಾರ ಕೆಲವು ಕಾಯಿಲೆಗಳ ಪಟ್ಟಿ ಮಾಡುತ್ತದೆ. ರೋಗಿಗೆ ಅವುಗಳಲ್ಲಿ ಒಂದಿದೆಯೆಂದು ವೈದ್ಯರು ದೃಢೀಕರಿಸಬೇಕು. ಆಗ ಗುರುತಿನ ಕಾರ್ಡು ಸಿಗುತ್ತದೆ. ಕಾರ್ಡಿಗೆ ಅವಧಿಯಿದೆ, ಕೊಳ್ಳುವ ಪ್ರಮಾಣಕ್ಕೆ ಮಿತಿಯಿದೆ, ಮಾರುವ ಅಂಗಡಿಗೆ ಪರವಾನಗಿ ಬೇಕು. ಒಂದು ರಾಜ್ಯದ ಪಟ್ಟಿಯಲ್ಲಿರುವ ಕಾಯಿಲೆ ಪಕ್ಕದ ರಾಜ್ಯದ ಪಟ್ಟಿಯಲ್ಲಿ ಇಲ್ಲದಿರಬಹುದು.

ಅಂದರೆ ಅಲ್ಲಿಯೂ ವೈದ್ಯಕೀಯ ಗಾಂಜಾ ಎಂದರೆ ಮನಬಂದಂತೆ ಸೇದುವುದಲ್ಲ. ಅರ್ಹತೆ, ದಾಖಲೆ, ಪ್ರಮಾಣ ಎಂಬ ಮೂರು ಬೇಲಿಗಳಿವೆ. ಬೇಲಿ ಸಡಿಲವಾದರೆ ಏನಾಗುತ್ತದೆ ಎನ್ನುವುದಕ್ಕೆ ಥಾಯ್ಲೆಂಡ್ ಉದಾಹರಣೆ. 2022ರಲ್ಲಿ ಆ ದೇಶ ಗಾಂಜಾವನ್ನು ಮಾದಕ ವಸ್ತುಗಳ ಪಟ್ಟಿಯಿಂದ ತೆಗೆಯಿತು. ಬೀದಿ ಬೀದಿಗೆ ಅಂಗಡಿಗಳು ಎದ್ದವು. 2025ರ ಜೂನ್‌ನಲ್ಲಿ ಅದೇ ದೇಶ ಹಿಂದೆ ಸರಿದು, ಗಾಂಜಾ ಹೂವಿಗೆ ವೈದ್ಯರ ಚೀಟಿ ಕಡ್ಡಾಯ ಮಾಡಿತು.

ನಮ್ಮ ಕಾನೂನು ಏನು ಹೇಳುತ್ತದೆ?

ನಮ್ಮ ದೇಶದಲ್ಲಿ ಈ ವಿಷಯವನ್ನು ಆಳುವುದು 1985ರ ಮಾದಕ ದ್ರವ್ಯ ಮತ್ತು ಮನೋಪರಿಣಾಮಕ ಪದಾರ್ಥಗಳ ಕಾಯಿದೆ. ಎನ್‌ಡಿಪಿಎಸ್ ಎಂದು ಎಲ್ಲರೂ ಕರೆಯುವುದು ಇದನ್ನೇ. ಇದರ 8ನೇ ಕಲಮು ಮಾದಕ ದ್ರವ್ಯಗಳನ್ನು ಬೆಳೆಯುವುದು, ಇಟ್ಟುಕೊಳ್ಳುವುದು, ಮಾರುವುದು, ಬಳಸುವುದು ಎಲ್ಲವನ್ನೂ ನಿಷೇಧಿಸಿ, ಒಂದು ವಿನಾಯಿತಿ ಕೊಡುತ್ತದೆ: ವೈದ್ಯಕೀಯ ಅಥವಾ ವೈಜ್ಞಾನಿಕ ಉದ್ದೇಶಕ್ಕೆ ಅವಕಾಶ ಉಂಟು.

ಇದನ್ನು ಓದಿದ ಕೂಡಲೇ ಕೆಲವರು "ನೋಡಿ, ಔಷಧಿಗಾದರೆ ತಪ್ಪಲ್ಲ" ಎನ್ನುತ್ತಾರೆ. ಅವರು ಅರ್ಧ ವಾಕ್ಯ ಓದಿರುತ್ತಾರೆ. ಅದೇ ವಾಕ್ಯದ ಮುಂದಿನ ಭಾಗ, ಕಾಯಿದೆ ಮತ್ತು ನಿಯಮಗಳು ಹೇಳಿದ ರೀತಿಯಲ್ಲಿ, ಹೇಳಿದಷ್ಟೇ ಪ್ರಮಾಣದಲ್ಲಿ ಎಂದು ಷರತ್ತು ಹಾಕುತ್ತದೆ. ಉದ್ದೇಶ ಒಳ್ಳೆಯದಾಗಿದ್ದರೆ ಸಾಲದು, ದಾರಿಯೂ ಕಾನೂನಿನದ್ದೇ ಆಗಿರಬೇಕು.

ಆ ದಾರಿಯನ್ನು ಮಾಡಿಕೊಡಬೇಕಾದವರು ಯಾರು? 10ನೇ ಕಲಮು ಗಾಂಜಾ ವಿಷಯದಲ್ಲಿ ಈ ಅಧಿಕಾರವನ್ನು ರಾಜ್ಯ ಸರಕಾರಗಳಿಗೆ ಕೊಟ್ಟಿದೆ. ಚರಸ್ ಹೊರತುಪಡಿಸಿ ಉಳಿದ ಗಾಂಜಾ ಉತ್ಪನ್ನಗಳ ಕೃಷಿ, ಸಾಗಾಟ, ಮಾರಾಟ, ಬಳಕೆಗಳನ್ನು ರಾಜ್ಯಗಳು ನಿಯಮ ಮಾಡಿ ಅನುಮತಿಸಬಹುದು. ಉತ್ತರಾಖಂಡ 2018ರಲ್ಲಿ ನಾರು ಮತ್ತು ಬೀಜಕ್ಕಾಗಿ ಅಮಲು ಕಡಿಮೆಯಿರುವ ತಳಿಯ ಕೃಷಿಗೆ ಪರವಾನಗಿ ಕೊಡಲಾರಂಭಿಸಿತು. ಹಿಮಾಚಲ ಪ್ರದೇಶದ ವಿಧಾನಸಭೆ 2024ರಲ್ಲಿ ಔಷಧಿ ಮತ್ತು ಕೈಗಾರಿಕೆಯ ಉದ್ದೇಶದ ಕೃಷಿಗೆ ಒಲವು ತೋರಿ ನಿರ್ಣಯ ಅಂಗೀಕರಿಸಿತು. ಆದರೆ ರೋಗಿಯೊಬ್ಬ ಅರ್ಜಿ ಹಾಕಿ, ಅರ್ಹತೆ ಪಡೆದು, ಕಾರ್ಡು ತೋರಿಸಿ ಗಾಂಜಾ ಕೊಳ್ಳುವ ವ್ಯವಸ್ಥೆ ಕರ್ನಾಟಕದಲ್ಲಿ ಇಲ್ಲ. ಭಾರತದ ಯಾವ ರಾಜ್ಯದಲ್ಲಿಯೂ ಇಲ್ಲ.

ಹಾಗಾದರೆ ನಮ್ಮ ಊಹೆಯ ಮಗ ರೈಲಿನಲ್ಲಿ ಸಿಕ್ಕವನಿಂದ ಒಂದು ಪೊಟ್ಟಣ ಕೊಂಡರೆ? ಒಂದು ಕಿಲೋ ವರೆಗಿನ ಗಾಂಜಾವನ್ನು ಕಾನೂನು ಅಲ್ಪ ಪ್ರಮಾಣ ಎನ್ನುತ್ತದೆ. ಅದಕ್ಕೂ ಒಂದು ವರ್ಷದವರೆಗೆ ಕಠಿಣ ಸಜೆ, ಅಥವಾ ಹತ್ತು ಸಾವಿರ ರೂಪಾಯಿವರೆಗೆ ದಂಡ, ಅಥವಾ ಎರಡೂ. ಮನೆಯ ಹಿತ್ತಿಲಲ್ಲಿ ಗಿಡ ಬೆಳೆಸಿದರೆ ಹತ್ತು ವರ್ಷದವರೆಗೆ ಶಿಕ್ಷೆಯಾಗಬಹುದು. "ಅಪ್ಪನ ನೋವಿಗೆ ತಂದೆ" ಎಂಬ ಮಾತು ನ್ಯಾಯಾಧೀಶರ ಮನಸ್ಸು ಕರಗಿಸಬಹುದೇ ಹೊರತು ಕಾನೂನಿನ ರಕ್ಷಣೆ ಕೊಡುವುದಿಲ್ಲ. ವಿದೇಶದಿಂದ ಬರುವವರು ಅಲ್ಲಿನ ಅಂಗಡಿಯ ಗಾಂಜಾ ಮಿಠಾಯಿಯನ್ನೋ ಎಣ್ಣೆಯನ್ನೋ ಪೆಟ್ಟಿಗೆಯಲ್ಲಿ ಹಾಕಿಕೊಂಡು ಬರುವುದೂ ಅಷ್ಟೇ ಅಪಾಯ. ಅಲ್ಲಿನ ಕಾರ್ಡು ಇಲ್ಲಿನ ವಿಮಾನ ನಿಲ್ದಾಣದಲ್ಲಿ ನಡೆಯುವುದಿಲ್ಲ.

ಎಲೆ ಬೇರೆ, ಹೂವು ಬೇರೆ

ಇಲ್ಲಿ ಒಂದು ಸೂಕ್ಷ್ಮವಿದೆ. ಕಾಯಿದೆಯ ಪ್ರಕಾರ ಗಾಂಜಾ ಎಂದರೆ ಗಿಡದ ಹೂ ಅಥವಾ ಕಾಯಿ ಬಿಟ್ಟ ತುದಿ. ಗಿಡದಿಂದ ತೆಗೆದ ಅಂಟು ಚರಸ್. ತುದಿಯ ಜೊತೆಗಿಲ್ಲದ ಬರೀ ಎಲೆ ಮತ್ತು ಬೀಜ ಗಾಂಜಾದ ವ್ಯಾಖ್ಯೆಯಲ್ಲಿ ಬರುವುದಿಲ್ಲ. ಭಂಗಿ ತಯಾರಾಗುವುದು ಎಲೆಯಿಂದ. 2022ರ ಆಗಸ್ಟ್‌ನಲ್ಲಿ ಬೆಂಗಳೂರಿನ ಪ್ರಕರಣವೊಂದರಲ್ಲಿ, 29 ಕಿಲೋ ಭಂಗಿ ಇಟ್ಟುಕೊಂಡಿದ್ದ ಆರೋಪಿಗೆ ಜಾಮೀನು ಕೊಡುವಾಗ ಕರ್ನಾಟಕ ಹೈಕೋರ್ಟಿನ ನ್ಯಾಯಮೂರ್ತಿ ಕೆ. ನಟರಾಜನ್ ಅವರು ಇದನ್ನೇ ಎತ್ತಿ ಹೇಳಿದರು. ಭಂಗಿಯು ಎನ್‌ಡಿಪಿಎಸ್ ಕಾಯಿದೆಯಡಿ ನಿಷೇಧಿತ ವಸ್ತುವೆಂದು ಎಲ್ಲಿಯೂ ಹೇಳಿಲ್ಲ ಎಂಬುದು ಆ ಆದೇಶದ ಸಾರ. ಕೂಡಲೇ "ಕರ್ನಾಟಕದಲ್ಲಿ ಭಂಗಿಗೆ ಅನುಮತಿ" ಎಂಬ ಸುದ್ದಿ ಮೊಬೈಲುಗಳಲ್ಲಿ ಹರಿದಾಡಿತು. ಅದು ಜಾಮೀನಿನ ಆದೇಶ, ಮಾರಾಟದ ಪರವಾನಗಿ ಅಲ್ಲ. ಎಲೆಯ ಮೇಲಿನ ಹತೋಟಿ ರಾಜ್ಯಗಳ ಅಬಕಾರಿ ಕಾನೂನಿಗೆ ಸೇರಿದ್ದು.

ಈ ಎಲೆಯೇ ಆಯುರ್ವೇದದ ಬಾಗಿಲು ಕೂಡ. ಆಯುರ್ವೇದದಲ್ಲಿ ಇದರ ಹೆಸರು ವಿಜಯಾ. ಜಾತೀಫಲಾದಿ ಚೂರ್ಣದಂಥ ಹಳೆಯ ಯೋಗಗಳಲ್ಲಿ ಶುದ್ಧಿ ಮಾಡಿದ ವಿಜಯಾ ಸೇರುತ್ತದೆ. ಔಷಧ ಮತ್ತು ಕಾಂತಿವರ್ಧಕ ನಿಯಮಗಳ ಇ(1) ಅನುಸೂಚಿ ಇದನ್ನು ವಿಷಯುಕ್ತ ದ್ರವ್ಯಗಳ ಪಟ್ಟಿಯಲ್ಲಿ ಇಟ್ಟಿದೆ. ಅಂದರೆ ವೈದ್ಯರ ಮೇಲ್ವಿಚಾರಣೆಯಲ್ಲಿ ಮಾತ್ರ ಸೇವಿಸಬೇಕೆಂಬ ಎಚ್ಚರಿಕೆ ಡಬ್ಬಿಯ ಮೇಲೆ ಇರಲೇಬೇಕು. 2020ರಲ್ಲಿ ಬೆಂಗಳೂರಿನ ಕೋರಮಂಗಲದಲ್ಲಿ ಇಂಥ ಔಷಧಿಗಳಿಗಾಗಿಯೇ ಚಿಕಿತ್ಸಾಲಯವೊಂದು ಆರಂಭವಾಯಿತು. ಈಗ ಅಂತರ್ಜಾಲದಲ್ಲಿಯೂ ಇವು ದೊರೆಯುತ್ತವೆ.

ಆದ್ದರಿಂದ ಕರ್ನಾಟಕದ ರೋಗಿಗೆ ಈ ಗಿಡದ ಔಷಧಿಯತ್ತ ತೆರೆದಿರುವ ದಾರಿ ಇದೊಂದೇ ಎನ್ನಬಹುದು: ನೋಂದಾಯಿತ ಆಯುರ್ವೇದ ವೈದ್ಯರ ಚೀಟಿ, ಪರವಾನಗಿ ಸಂಖ್ಯೆ ಮುದ್ರಿಸಿರುವ ತಯಾರಿಕೆ, ಕೊಂಡ ರಸೀದಿ. ಈ ಮೂರರಲ್ಲಿ ಒಂದಿಲ್ಲದಿದ್ದರೂ ಮುಟ್ಟಬಾರದು. ಮೊಬೈಲಿನಲ್ಲಿ ನಾಲ್ಕು ಪ್ರಶ್ನೆ ಕೇಳಿ ಎಣ್ಣೆ ಕಳುಹಿಸುವವರು ರೋಗಿಯ ನಾಡಿ ಹಿಡಿದವರಲ್ಲ ಎಂಬುದನ್ನೂ ನೆನಪಿಡಬೇಕು.

ವಿಜ್ಞಾನ ಎಷ್ಟು ಒಪ್ಪುತ್ತದೆ?

ಕಾನೂನು ಒಪ್ಪಿದ ಮಾತ್ರಕ್ಕೆ ಔಷಧಿ ಕೆಲಸ ಮಾಡಬೇಕೆಂದಿಲ್ಲ. ಈ ಗಿಡದಲ್ಲಿ ಮುಖ್ಯವಾದ ಎರಡು ಅಂಶಗಳಿವೆ. ಅಮಲು ಬರಿಸುವುದು ಟಿಎಚ್‌ಸಿ, ಅಮಲಿಲ್ಲದ್ದು ಸಿಬಿಡಿ. ಮಕ್ಕಳಲ್ಲಿ ಕಾಣುವ ಎರಡು ಅಪರೂಪದ, ತೀವ್ರ ಮೂರ್ಛೆರೋಗಗಳಿಗೆ ಸಿಬಿಡಿಯಿಂದ ತಯಾರಿಸಿದ ಔಷಧಿಯನ್ನು ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ 2018ರಲ್ಲಿ ಅಂಗೀಕರಿಸಿತು. ಕೀಮೋಥೆರಪಿಯ ವಾಂತಿಗೆ ಟಿಎಚ್‌ಸಿಯ ಕೃತಕ ರೂಪ 1985ರಿಂದಲೂ ಅಲ್ಲಿ ಬಳಕೆಯಲ್ಲಿದೆ. 2020ರ ಡಿಸೆಂಬರ್‌ನಲ್ಲಿ ವಿಶ್ವಸಂಸ್ಥೆಯ ಮಾದಕ ವಸ್ತು ಆಯೋಗ ಗಾಂಜಾವನ್ನು ಅತ್ಯಂತ ಅಪಾಯಕಾರಿ ವಸ್ತುಗಳ ಪಟ್ಟಿಯಿಂದ ತೆಗೆದಾಗ, ಪರವಾಗಿ ಬಿದ್ದ 27 ಮತಗಳಲ್ಲಿ ಭಾರತದ್ದೂ ಒಂದು. ಇದು ಔಷಧೀಯ ಸಂಶೋಧನೆಗೆ ಸಿಕ್ಕ ಮನ್ನಣೆ.

ಆದರೆ ನೋವಿನ ವಿಷಯದಲ್ಲಿ ಚಿತ್ರ ಮಸುಕಾಗಿದೆ. ನೋವಿನ ಅಧ್ಯಯನಕ್ಕೆಂದೇ ಇರುವ ಅಂತರರಾಷ್ಟ್ರೀಯ ವೈದ್ಯರ ಸಂಘಟನೆ 2021ರಲ್ಲಿ, ನೋವು ನಿವಾರಣೆಗೆ ಗಾಂಜಾ ಅಂಶಗಳನ್ನು ಶಿಫಾರಸು ಮಾಡುವಷ್ಟು ಪುರಾವೆ ಇಲ್ಲವೆಂದು ಹೇಳಿತು. ಮೇಲಾಗಿ ಹೊಗೆ ಸೇದುವುದಂತೂ ಸಿಲಿಕೋಸಿಸ್‌ನಿಂದ ಬಳಲುವ ಎದೆಗೆ ಗಾಯದ ಮೇಲೆ ಬರೆ.

ಹಾಗಾದರೆ ನೋವಿಗೆ ಮದ್ದೇ ಇಲ್ಲವೇ? ಇದೆ. ವಿಪರ್ಯಾಸವಿರುವುದೇ ಇಲ್ಲಿ.

ಕಾನೂನು ಕೊಟ್ಟ ಮದ್ದು, ಕೈಗೆ ಸಿಗದ ಮದ್ದು

ಕ್ಯಾನ್ಸರಿನ ತೀವ್ರ ನೋವಿಗೆ ವಿಶ್ವ ಆರೋಗ್ಯ ಸಂಸ್ಥೆಯ ಅಗತ್ಯ ಔಷಧಿಗಳ ಪಟ್ಟಿಯಲ್ಲಿರುವ ಮದ್ದು ಮಾರ್ಫಿನ್. ಬಾಯಿಯಲ್ಲಿ ನುಂಗುವ ಮಾತ್ರೆ, ಬೆಲೆಯೂ ಕಡಿಮೆ. ಕೊನೆಯ ಹಂತದ ಉಸಿರಾಟದ ಸಂಕಟಕ್ಕೂ ತರಬೇತಾದ ವೈದ್ಯರು ಇದನ್ನು ಅತಿ ಕಡಿಮೆ ಪ್ರಮಾಣದಲ್ಲಿ ಕೊಡುವುದುಂಟು. ಇದು ಸಿಗುವುದು ಅಫೀಮಿನಿಂದ. ಅಫೀಮನ್ನು ಸರಕಾರದ ಪರವಾನಗಿಯಲ್ಲಿ ಮಧ್ಯಪ್ರದೇಶ, ರಾಜಸ್ಥಾನ, ಉತ್ತರಪ್ರದೇಶಗಳ ರೈತರು ಬೆಳೆಯುತ್ತಾರೆ. ಘಾಜಿಪುರ ಮತ್ತು ನೀಮಚ್‌ನಲ್ಲಿ ಸರಕಾರದ್ದೇ ಕಾರ್ಖಾನೆಗಳಿವೆ. ಹೊರದೇಶಗಳ ರೋಗಿಗಳ ಔಷಧಿಗೆ ಅಫೀಮು ರಫ್ತು ಮಾಡುವ ದೇಶ ನಮ್ಮದು.

ಆದರೂ 1985ರ ಕಾಯಿದೆ ಬಂದ ಮೇಲೆ ನಮ್ಮ ಆಸ್ಪತ್ರೆಗಳಲ್ಲಿ ಮಾರ್ಫಿನ್ ಬಳಕೆ ಕಡಿದಾಗಿ ಕುಸಿಯಿತು. ಒಂದು ಡಬ್ಬಿ ಮಾತ್ರೆ ತರಿಸಲು ಹಲವು ಪರವಾನಗಿಗಳು ಬೇಕಿದ್ದವು. ಒಂದರ ಅವಧಿ ಮುಗಿಯುವಷ್ಟರಲ್ಲಿ ಇನ್ನೊಂದು ಕೈಸೇರುತ್ತಿರಲಿಲ್ಲ. ಲೆಕ್ಕದಲ್ಲಿ ತಪ್ಪಾದರೆ ಜೈಲು ಎಂಬ ಭಯದಿಂದ ಔಷಧದಂಗಡಿಯವರು ಇಡುವುದನ್ನೇ ಬಿಟ್ಟರು. ಒಂದು ತಲೆಮಾರಿನ ವೈದ್ಯರು ಮಾರ್ಫಿನ್ ಬರೆಯುವುದನ್ನು ಕಲಿಯದೆಯೇ ಪದವಿ ಪಡೆದರು.

2014ರಲ್ಲಿ ಸಂಸತ್ತು ಈ ಕಾಯಿದೆಗೆ ತಿದ್ದುಪಡಿ ತಂದಿತು. ಅಗತ್ಯ ಮಾದಕ ಔಷಧಿಗಳು ಎಂಬ ಹೊಸ ವರ್ಗ ಹುಟ್ಟಿತು. 2015ರಲ್ಲಿ ಮಾರ್ಫಿನ್, ಫೆಂಟನಿಲ್, ಮೆಥಡೋನ್, ಕೊಡೀನ್ ಸೇರಿದಂತೆ ಆರು ಔಷಧಿಗಳಿಗೆ ದೇಶಕ್ಕೆಲ್ಲ ಒಂದೇ ನಿಯಮ ಜಾರಿಯಾಯಿತು. ಹಲವು ಇಲಾಖೆಗಳ ಬಾಗಿಲು ಬಡಿಯುವ ಬದಲು ಆಸ್ಪತ್ರೆಯೊಂದು ರಾಜ್ಯದ ಔಷಧ ನಿಯಂತ್ರಕರಿಗೆ ಅರ್ಜಿ ಹಾಕಿ ಮಾನ್ಯತೆ ಪಡೆದರೆ ಸಾಕು. ಬೇಕಾದದ್ದು ನೋವು ನಿವಾರಣೆಯಲ್ಲಿ ತರಬೇತಿ ಪಡೆದ ಒಬ್ಬ ವೈದ್ಯ, ಭದ್ರವಾದ ಬೀಗದ ಕಪಾಟು, ಸರಿಯಾದ ದಾಸ್ತಾನು ಪುಸ್ತಕ, ವಾರ್ಷಿಕ ಲೆಕ್ಕ. ರೋಗಿಗೆ ಯಾವ ಕಾರ್ಡೂ ಬೇಡ, ವೈದ್ಯರ ಚೀಟಿ ಸಾಕು.

ಅಮೆರಿಕದ ಕಾರ್ಡಿನ ಬಗ್ಗೆ ನಾವು ಇಷ್ಟು ಮಾತಾಡುತ್ತೇವೆ. ನಮ್ಮದೇ ಸಂಸತ್ತು ನಮ್ಮದೇ ರೋಗಿಗಳಿಗೆ ಹತ್ತು ವರ್ಷಗಳ ಹಿಂದೆಯೇ ತೆರೆದ ಈ ಬಾಗಿಲಿನ ಬಗ್ಗೆ ನಮ್ಮಲ್ಲಿ ಎಷ್ಟು ಮಂದಿಗೆ ಗೊತ್ತು?

ಮಾರ್ಫಿನ್ ಎಂದರೆ ಹೆದರುವವರಿದ್ದಾರೆ. ಹೆದರಿಕೆ ಪೂರ್ತಿ ನಿರಾಧಾರವಲ್ಲ. ಅಮೆರಿಕದಲ್ಲಿ ನೋವಿನ ಮಾತ್ರೆಗಳನ್ನು ಲಂಗುಲಗಾಮಿಲ್ಲದೆ ಬರೆದು ಲಕ್ಷಾಂತರ ಜನ ಚಟಕ್ಕೆ ಬಿದ್ದದ್ದು ನಿಜ. ಆದುದರಿಂದಲೇ ನಮ್ಮ ನಿಯಮದಲ್ಲಿ ತರಬೇತಿ, ದಾಖಲೆಗಳನ್ನು ಬಿಟ್ಟಿಲ್ಲ. ಆದರೆ ಸಾಯುವ ದಿನಗಳನ್ನು ಎಣಿಸುತ್ತಿರುವ ಮುದುಕನಿಗೆ ಚಟ ಹಿಡಿಯುತ್ತದೆ ಎಂದು ಹೇಳಿ ಮಾತ್ರೆ ನಿರಾಕರಿಸುವುದು ಎಚ್ಚರಿಕೆಯಲ್ಲ, ಕಾಠಿಣ್ಯ.

ಎಪ್ಪತ್ತು ಕಿಲೋಮೀಟರಿನ ಅಂತರ

ಈಗ ಬಂಗಾರಪೇಟೆಗೆ ಮರಳೋಣ. ಅಲ್ಲಿಂದ ಬೆಂಗಳೂರಿಗೆ ರೈಲಿನಲ್ಲಿ ಸುಮಾರು ಎಪ್ಪತ್ತು ಕಿಲೋಮೀಟರು. ಆ ತುದಿಯಲ್ಲಿ ಕಿದ್ವಾಯಿ ಸ್ಮಾರಕ ಸಂಸ್ಥೆಯಿದೆ, ಸೇಂಟ್ ಜಾನ್ಸ್ ವೈದ್ಯಕೀಯ ಕಾಲೇಜು ಆಸ್ಪತ್ರೆಯಿದೆ. ದಾರಿಯಲ್ಲಿ ಸಿಗುವ ವೈಟ್‌ಫೀಲ್ಡಿಗೆ ಸಮೀಪ, ಮಾರತಹಳ್ಳಿಯ ಬಳಿ ಕರುಣಾಶ್ರಯವಿದೆ. 1994ರಲ್ಲಿ ಸ್ಥಾಪನೆಯಾದ ಬೆಂಗಳೂರು ಹಾಸ್ಪೀಸ್ ಟ್ರಸ್ಟ್ ನಡೆಸುವ ಈ ಆಶ್ರಯಧಾಮ ಗುಣವಾಗದ ಕ್ಯಾನ್ಸರ್ ರೋಗಿಗಳನ್ನು ಹಣ ಪಡೆಯದೆ ನೋಡಿಕೊಳ್ಳುತ್ತದೆ. ಆ ಮಗ ದಿನವೂ ಕೆಲಸಕ್ಕೆ ಹೋಗುವ ರೈಲೇ ಈ ಬಾಗಿಲುಗಳ ಸಮೀಪ ಹಾದುಹೋಗುತ್ತದೆ. ಅವನಿಗೆ ಅದನ್ನು ಹೇಳಿದವರಿಲ್ಲ. ಗಾಂಜಾ ವಿಷಯ ಹೇಳುವವರು ಮಾತ್ರ ಪಕ್ಕದ ಸೀಟಿನಲ್ಲೇ ಇದ್ದಾರೆ.

ಹಾಗೆಂದು ಹಾಸಿಗೆ ಹಿಡಿದ ರೋಗಿಯನ್ನು ಮಾತ್ರೆಗಾಗಿ ಪ್ರತಿ ತಿಂಗಳು ರೈಲಿಗೆ ಹತ್ತಿಸಲು ಸಾಧ್ಯವೇ? ಆಗದು. ಮದ್ದು ರೋಗಿಯ ಬಳಿಗೆ ಬರಬೇಕು. ನೆರೆಯ ಕೇರಳ 2008ರಲ್ಲೇ ಉಪಶಾಮಕ ಆರೈಕೆಯ ನೀತಿ ರೂಪಿಸಿ, ಪಂಚಾಯತಿಯ ನರ್ಸು ಮನೆಬಾಗಿಲಿಗೆ ಹೋಗುವ ವ್ಯವಸ್ಥೆ ಕಟ್ಟಿತು. ಕಾಸರಗೋಡಿನಲ್ಲಿರುವ ನಮ್ಮ ಕನ್ನಡಿಗ ಬಂಧುಗಳು ಇದನ್ನು ಕಣ್ಣಾರೆ ಕಂಡವರು. ಅದು ಕೋಲಾರ ಜಿಲ್ಲೆಗೂ ಆಗದ ಕೆಲಸವೇನಲ್ಲ.

ಗಣಿ ಮುಚ್ಚಿದ ಮೇಲೆ ವರ್ಷಗಟ್ಟಲೆ ಬಾಗಿಲು ಹಾಕಿದ್ದ ಕೆಜಿಎಫ್‌ನ ಗಣಿ ಆಸ್ಪತ್ರೆಯನ್ನು 2021ರ ಕೋವಿಡ್ ಎರಡನೇ ಅಲೆಯಲ್ಲಿ ಸ್ವಯಂಸೇವಕರು ಗುಡಿಸಿ ತೊಳೆದು ಮತ್ತೆ ತೆರೆದರು. ಇಚ್ಛೆಯಿದ್ದರೆ ದಾರಿಯಿದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೇ? ಮಾರ್ಫಿನ್ ಮಾನ್ಯತೆಗೆ ಅಂಥ ದೊಡ್ಡ ಕಟ್ಟಡವೂ ಬೇಡ. ಬಂಗಾರಪೇಟೆ ಅಥವಾ ರಾಬರ್ಟ್‌ಸನ್‌ಪೇಟೆಯ ಸರಕಾರಿ ಆಸ್ಪತ್ರೆಯ ಒಬ್ಬ ವೈದ್ಯರು, ಇಬ್ಬರು ನರ್ಸುಗಳು ತರಬೇತಿ ಪಡೆದು ಒಂದು ಕಪಾಟಿಗೆ ಬೀಗ ಹಾಕಿದರೆ ಕೆಲಸ ಆರಂಭವಾಗುತ್ತದೆ.

ಮೂರು ಬೇಡಿಕೆಗಳು

ಒಂದು, ಕೋಲಾರ ಜಿಲ್ಲೆಯ ಪ್ರತಿ ತಾಲೂಕು ಆಸ್ಪತ್ರೆಯಲ್ಲೂ ಮಾರ್ಫಿನ್ ದೊರೆಯುವಂತೆ ಆರೋಗ್ಯ ಇಲಾಖೆ ಮಾನ್ಯತೆ ಪಡೆಯಲಿ, ಅದು ಎಲ್ಲಿ ಸಿಗುತ್ತದೆಂಬ ಫಲಕವನ್ನು ಜನ ಓಡಾಡುವ ಕಡೆ ಹಾಕಲಿ. ಕೆಜಿಎಫ್‌ನಲ್ಲಿ ಅದು ತಮಿಳಿನಲ್ಲಿಯೂ ಇರಲಿ.

ಎರಡು, ವಿಜಯಾ ಔಷಧಿಗಳ ವಿಷಯದಲ್ಲಿ ರಾಜ್ಯ ಸರಕಾರ ಮೌನ ಮುರಿಯಲಿ. ಯಾವ ಕಾಯಿಲೆಗೆ, ಯಾವ ವೈದ್ಯರು, ಎಷ್ಟು ಪ್ರಮಾಣ, ಸಾಗಿಸುವಾಗ ರೋಗಿಯ ಬಳಿ ಯಾವ ಕಾಗದವಿರಬೇಕು ಎಂಬುದನ್ನು ಒಂದೇ ಪುಟದಲ್ಲಿ ಕನ್ನಡದಲ್ಲಿ ಪ್ರಕಟಿಸಲಿ. ಪೊಲೀಸ್ ಠಾಣೆಗೂ ಅದರ ಪ್ರತಿ ಹೋಗಲಿ. ನಿಯಮ ಸ್ಪಷ್ಟವಿಲ್ಲದ ಕಡೆ ಲಾಭ ಮಾಡಿಕೊಳ್ಳುವವರು ಇಬ್ಬರೇ, ಮೋಸಗಾರ ವ್ಯಾಪಾರಿ ಮತ್ತು ಬೀದಿಯ ದಲ್ಲಾಳಿ.

ಮೂರು, ಚಟಕ್ಕೆ ಬಿದ್ದ ಯುವಕರಿಗೂ ಕಾನೂನಿನಲ್ಲಿ ಬಾಗಿಲಿದೆ ಎಂಬುದನ್ನು ಜನರಿಗೆ ತಿಳಿಸಲಿ. ವ್ಯಸನಿಯೊಬ್ಬ ತಾನಾಗಿಯೇ ಮಾನ್ಯತೆ ಪಡೆದ ಸಂಸ್ಥೆಯಲ್ಲಿ ಚಿಕಿತ್ಸೆಗೆ ಸೇರಿ ಅದನ್ನು ಪೂರ್ತಿ ಮಾಡಿದರೆ, ಸೇವನೆ ಅಥವಾ ಅಲ್ಪ ಪ್ರಮಾಣದ ಅಪರಾಧಕ್ಕೆ ಮೊಕದ್ದಮೆಯಿಂದ ರಕ್ಷಣೆ ಕೊಡುವ 64ಎ ಕಲಮು ಇದೇ ಕಾಯಿದೆಯಲ್ಲಿದೆ. ರೋಗಿಗೆ ಮದ್ದು, ವ್ಯಸನಿಗೆ ಚಿಕಿತ್ಸೆ, ದಂಧೆಕೋರನಿಗೆ ಶಿಕ್ಷೆ. ಈ ಮೂರನ್ನೂ ಬೇರೆ ಬೇರೆಯಾಗಿ ನೋಡುವುದೇ ಕಾನೂನಿನ ಆಶಯ.

ಮೈಸೂರು ಸಂಸ್ಥಾನವು 1940ರಲ್ಲೇ ಸಿಲಿಕೋಸಿಸನ್ನು ಪರಿಹಾರಕ್ಕೆ ಅರ್ಹವಾದ ಕಾಯಿಲೆಯೆಂದು ಗುರುತಿಸಿತ್ತು. ಗಣಿಯ ಧೂಳು ಕುಡಿದವನಿಗೆ ಸರಕಾರ ಋಣಿ ಎಂಬ ತಿಳಿವಳಿಕೆ ಆ ಕಾಲಕ್ಕೇ ಇತ್ತು. 2025ರ ಜನವರಿಯಲ್ಲಿ ನಮ್ಮ ರಾಜ್ಯ ಸರಕಾರ, ಸುಪ್ರೀಂ ಕೋರ್ಟಿನ ತೀರ್ಪಿನಂತೆ, ಗುಣವಾಗದ ರೋಗಿಗಳು ಘನತೆಯಿಂದ ಸಾಯುವ ಹಕ್ಕಿನ ಬಗ್ಗೆ ಆದೇಶ ಹೊರಡಿಸಿತು. ಆ ಹಕ್ಕಿನ ಚರ್ಚೆಗೆ ಮೊದಲು ಇನ್ನೊಂದು ಹಕ್ಕಿದೆ. ಉಳಿದಷ್ಟು ದಿನ ನರಳದೆ ಬದುಕುವ ಹಕ್ಕು. ನೋವು ತಾಳಲಾರದವನು ಸಾವನ್ನು ಬಯಸಿದರೆ ಅದನ್ನು ಅವನ ಇಚ್ಛೆ ಎನ್ನಲಾದೀತೇ?

ಆ ಮಗನಿಗೆ ನಮ್ಮ ಉತ್ತರ ಇಷ್ಟು: ರೈಲಿನಲ್ಲಿ ಸಿಗುವ ಪೊಟ್ಟಣ ಬೇಡಪ್ಪ. ಅದು ತಂದೆಯ ನೋವನ್ನು ಕಳೆಯುವ ಭರವಸೆಯಿಲ್ಲ, ನಿನ್ನನ್ನು ಜೈಲಿಗೆ ಕಳುಹಿಸುವ ಸಾಧ್ಯತೆ ಇದೆ. ತಂದೆಯ ಚೀಟಿಗಳನ್ನು ತೆಗೆದುಕೊಂಡು ನೋವು ನಿವಾರಣಾ ವಿಭಾಗ ಎಲ್ಲಿದೆ ಎಂದು ಕೇಳು. ಮಾರ್ಫಿನ್ ಎಂಬ ಹೆಸರನ್ನು ಹೆದರದೆ ಹೇಳು. ಅದನ್ನು ಕೇಳುವುದು ನಿನ್ನ ಹಕ್ಕು. ನಿನ್ನ ಊರಿನಲ್ಲಿಯೇ ಅದು ಸಿಗುವಂತೆ ಮಾಡುವುದು ನಮ್ಮೆಲ್ಲರ ಕರ್ತವ್ಯ.